ಹಿಂದೆ ಹೇಳುವವಳು

ನಾನು ಓದಿದ್ದು ಐದನೇ ಕ್ಲಾಸಿನವರೆಗೆ. ಅಕ್ಕ ಒಂದು ದಿನವೂ ಸ್ಕೂಲಿಗೆ ಹೋದವಳಲ್ಲ. ಅವ್ವ ಕೂಲಿಗೆ ಹೋದಾಗ ನನ್ನನ್ನು ಸೊಂಟದ ಮೇಲೆ ಹೊತ್ತುಕೊಂಡು ತಿರುಗುವವರು ಬೇಕಿತ್ತು. ಅದಕ್ಕೆ ಅಕ್ಕ ಮನೆಯಲ್ಲೇ ಉಳಿದಳು. ಆಮೇಲೆ ನನಗೆ ಸ್ಕೂಲಿಗೆ ಹೋಗುವ ವಯಸ್ಸಾದಾಗ ಅವಳು ಹೋಗುವ ವಯಸ್ಸು ಮುಗಿದಿತ್ತು. ಹಾಗಾಗಿ ಇದನ್ನು ಬರೆಯುವಷ್ಟು ಅಕ್ಷರ ನನಗೆ ಬಂದದ್ದು ಅವಳ ಪಾಲಿನಿಂದ. ಆ ಅಕ್ಷರದಲ್ಲಿ ಬರೆಯುತ್ತಿರುವುದು ನಾನು ಅವಳಿಗೆ ಮಾಡಿದ್ದನ್ನು.

ಅಕ್ಕ ಸೋಬಾನೆ ಹೇಳುವವಳು. ಮದುವೆ ಮನೆಯಲ್ಲಿ ಅರಿಶಿನ ಹಚ್ಚುವಾಗ, ಬಳೆ ತೊಡಿಸುವಾಗ, ಹೆಣ್ಣು ಒಪ್ಪಿಸಿಕೊಡುವಾಗ ಹೆಂಗಸರು ಹೇಳುವ ಪದ ಅದು. ನಮ್ಮ ಕಡೆ ಸೋಬಾನೆಯನ್ನು ಒಬ್ಬಳೇ ಹೇಳುವಂತಿಲ್ಲ. ಮುಂದೆ ಹೇಳುವವಳು ಒಂದು ಸಾಲು ಎತ್ತಿಕೊಡುತ್ತಾಳೆ. ಹಿಂದೆ ಹೇಳುವವಳು ಅದೇ ಸಾಲನ್ನು ಹಿಡಿದು ಮತ್ತೆ ಹೇಳುತ್ತಾಳೆ, ಅವಳ ಜೊತೆಗೆ ಮಿಕ್ಕ ಹೆಂಗಸರು ದನಿ ಕೂಡಿಸುತ್ತಾರೆ. ಅಕ್ಕ ಯಾವತ್ತೂ ಮುಂದೆ, ನಾನು ಯಾವತ್ತೂ ಹಿಂದೆ.

ಹಿಂದೆ ಹೇಳುವುದು ಸುಲಭ ಎಂದು ಜನ ತಿಳಿದಿದ್ದಾರೆ. ಮುಂದಿನವಳಿಗೆ ಉಸಿರು ಎಳೆದುಕೊಳ್ಳಲು, ಮುಂದಿನ ಸಾಲು ಹುಡುಕಿಕೊಳ್ಳಲು ಸಿಗುವುದು ಹಿಂದಿನವಳು ಹೇಳುವಷ್ಟು ಹೊತ್ತು ಮಾತ್ರ. ಇನ್ನೊಂದು ಕೆಲಸವೂ ಇದೆ. ಮುಂದಿನವಳು ಎಲ್ಲಾದರೂ ಪದ ತಪ್ಪಿದರೆ ಹಿಂದಿನವಳು ತಪ್ಪು ಸಾಲನ್ನು ಹಿಡಿಯುವುದಿಲ್ಲ, ಸರಿಯಾದ ಸಾಲನ್ನೇ ಹೇಳಿಬಿಡುತ್ತಾಳೆ. ಪದ ನಿಲ್ಲುವುದಿಲ್ಲ, ಯಾರೂ ಯಾರನ್ನೂ ಬಯ್ಯುವುದಿಲ್ಲ. ಆದರೆ ಕೂತ ಹೆಂಗಸರಿಗೆಲ್ಲ ಗೊತ್ತಾಗುತ್ತದೆ, ಮುಂದಿನವಳು ತಪ್ಪಿದಳು ಎಂದು.

ನಮ್ಮವ್ವ ಹೇಳುತ್ತಿದ್ದಳು, "ಕಟ್ಟೋಳು ಮರುತ್ರೂ ಇಡ್ಕಳೋಳು ಮರೀಬಾರ್ದು ಕಣಮ್ಮಿ." ಅಕ್ಕ ಕಟ್ಟುವವಳು, ನಾನು ಹಿಡಿದುಕೊಳ್ಳುವವಳು. ಅವ್ವನಿಂದ ಬಂದ ಪದಗಳ ನಡುವೆ ಅವಳು ತನ್ನದೊಂದನ್ನು ಸೇರಿಸುತ್ತಿದ್ದಳು, ಅದೂ ಅಲ್ಲೇ ಕೂತು, ಆಗಲೇ. ನೀರಿನ ಗಲಾಟೆಯಾಗಿ ತಮಿಳುನಾಡಿಗೆ ಬಸ್ಸು ನಿಂತ ವರ್ಷ ತಾಳವಾಡಿ ಕಡೆಯಿಂದ ಬರಬೇಕಾದ ಗಂಡು ಗಡಿಯವರೆಗೆ ನಡೆದು, ಅಲ್ಲಿಂದ ಈರುಳ್ಳಿ ಟೆಂಪೊ ಹತ್ತಿ ಬಂದಿದ್ದ. ಮದುಮಗನ ಜರಿ ಪಂಚೆಗೆ ಈರುಳ್ಳಿ ಸಿಪ್ಪೆಯೇ ಅಂಚು ಎಂದು ಅಕ್ಕ ಪದ ಕಟ್ಟಿದಳು. ಗಂಡಿನ ತಾಯಿಯೇ ನಕ್ಕು ಕಣ್ಣೊರೆಸಿಕೊಂಡಳು. ಕಾಯಿಲೆ ಬಂದು ಮದುವೆಗೆ ಹತ್ತೇ ಜನ ಎಂದಾದ ಕಾಲದಲ್ಲಿ, ಮೂತಿಗೆ ಬಟ್ಟೆ ಕಟ್ಟಿದ ಗಂಡಿನ ಮೀಸೆ ಇದೆಯೋ ಇಲ್ಲವೋ ಎಂದು ಹೆಣ್ಣು ಚಿಂತೆ ಮಾಡುವ ಪದ ಕಟ್ಟಿದಳು. ಅದೇ ಪದದ ಕೊನೆಯಲ್ಲಿ, ಆ ತಿಂಗಳು ನಮ್ಮೂರಿನಲ್ಲಿ ಸತ್ತ, ಮಣ್ಣಿಗೆ ನಾಲ್ಕು ಜನವೂ ಸಿಗದ ಒಬ್ಬ ಮುದುಕಿಯ ಹೆಸರು ತಂದಳು. ನಗುತ್ತಿದ್ದವರು ಸುಮ್ಮನಾದರು. ಆಮೇಲೆ ಎಲ್ಲರೂ ಆ ಸಾಲನ್ನು ಜೋರಾಗಿ ಹಿಡಿದರು. ನಾನೂ ಹಿಡಿದೆ. ಅಕ್ಕನ ಯಾವ ಸಾಲನ್ನೂ ನಾನು ಅಲ್ಲಿಯವರೆಗೆ ನೆಲಕ್ಕೆ ಬೀಳಲು ಬಿಟ್ಟಿರಲಿಲ್ಲ.

ನಾನು ಮದುವೆಯಾಗಿ ಬಂದದ್ದು ಹಂಗಳದ ರಸ್ತೆಯಿಂದ ಸ್ವಲ್ಪ ಒಳಗಿರುವ ಒಂದು ಊರಿಗೆ. ಸ್ಕೂಲಿನಲ್ಲಿ ಬಿಸಿಯೂಟದ ಅಡುಗೆ ಮಾಡುತ್ತೇನೆ. ಅಕ್ಕನನ್ನು ಕೊಟ್ಟದ್ದು ಚಾಮರಾಜನಗರದಾಚೆ, ಹರದನಹಳ್ಳಿಗೆ. ನಮ್ಮ ಊರಲ್ಲಿ ಮದುವೆಯಾದರೆ ಅವಳಿಗೆ ಹೇಳಿಕಳಿಸುತ್ತಿದ್ದರು. ಅವಳು ಎರಡು ಬಸ್ಸು ಬದಲಿಸಿ ಬರುತ್ತಿದ್ದಳು. ಇದು ನಡೆದ ವರ್ಷವೂ ಹಾಗೆಯೇ, ಬೇಸಿಗೆಯಲ್ಲಿ, ನಮ್ಮ ಬೀದಿಯ ದೊಡ್ಡ ಮನೆಯ ಹುಡುಗಿಯ ಮದುವೆಗೆ ಬಂದಳು.

ಅದೇ ವಾರ ಗಡಿಯಲ್ಲಿ ಎರಡು ದೇಶಗಳು ಹೊಡೆದಾಡುತ್ತಿದ್ದವು. ನಮ್ಮೂರಿಗೂ ಆ ಗಡಿಗೂ ಎಷ್ಟು ದೂರವೋ ನನಗೆ ತಿಳಿಯದು. ಆದರೆ ಚಪ್ಪರ ಕಟ್ಟುವವರೂ ಟಿವಿ ನೋಡುತ್ತಲೇ ಕಟ್ಟುತ್ತಿದ್ದರು. ಪಾತ್ರೆ ಬಾಡಿಗೆಗೆ ಕೊಡುವವನು ಪಾತ್ರೆ ಇಳಿಸಿ ಅರ್ಧ ಗಂಟೆ ಬಾಂಬಿನ ವಿಷಯ ಹೇಳಿ ಹೋದ. ನನ್ನ ಮಗ, ಅವನ ವಾರಿಗೆಯವರು ಸೇರಿ ಒಂದು ತೀರ್ಮಾನ ಮಾಡಿದ್ದರು. ಸಾಬರು ಯಾರೂ ಊರೊಳಗೆ ವ್ಯಾಪಾರಕ್ಕೆ ಬರಕೂಡದು. ಯಾರು ಹೇಳಿಕೊಟ್ಟರೋ, ಫೋನಿನಲ್ಲಿ ನೋಡಿದರೋ ಗೊತ್ತಿಲ್ಲ. ನನಗೆ ಬೆಳಿಗ್ಗೆಯೇ ಗೊತ್ತಿತ್ತು. ಗೊತ್ತಿದ್ದೂ ಅವನಿಗೆ ಉಪ್ಪಿಟ್ಟು ಬಡಿಸಿ ಕಳಿಸಿದೆ.

ಆ ದಿನ ಬರಬೇಕಾಗಿದ್ದ ಸಾಬರು ಒಬ್ಬರೇ, ಬಳೆಯಮ್ಮ. ಗುಂಡ್ಲುಪೇಟೆಯ ಬಳೆ ಅಂಗಡಿಯವರು. ಅವರ ಅತ್ತೆಯ ಕಾಲದಿಂದ ನಮ್ಮ ಸುತ್ತಿನ ಮದುಮಕ್ಕಳ ಕೈಗೆಲ್ಲ ಬಳೆ ಇಟ್ಟದ್ದು ಆ ಮನೆಯವರೇ. ನನಗೂ ಅವರ ಅತ್ತೆಯೇ ಇಟ್ಟದ್ದು. ಮದುವೆಯ ಹಿಂದಿನ ದಿನ ಮಧ್ಯಾಹ್ನ ಬಳೆಯ ಶಾಸ್ತ್ರ. ಆ ಶಾಸ್ತ್ರದಲ್ಲಿ ಬಳೆ ಇಡುವವರಿಗೆ ಮೊರದಲ್ಲಿ ಅಕ್ಕಿ, ಬೆಲ್ಲ, ಕಾಯಿ, ಎಲೆಯಡಿಕೆ ಇಟ್ಟು ಕೊಡಬೇಕು.

ಅಕ್ಕ ಮತ್ತು ಬಳೆಯಮ್ಮ ಗುಂಡ್ಲುಪೇಟೆಯಿಂದ ಒಂದೇ ಬಸ್ಸಿನಲ್ಲಿ ಬಂದು, ನಮ್ಮೂರ ಗೇಟಿನಲ್ಲಿ ಒಟ್ಟಿಗೆ ಇಳಿದಿದ್ದರು. ಗೇಟು ಎಂದರೆ ಊರಿಗೆ ತಿರುಗುವ ಜಾಗ, ಬಸ್ಸು ಅಲ್ಲಿ ನಿಲ್ಲುತ್ತದೆ. ಹುಡುಗರು ಮೂರು ಬೈಕು ಅಡ್ಡ ಹಾಕಿ ನಿಂತಿದ್ದರು. ಬಯ್ಯಲಿಲ್ಲವಂತೆ, ಮುಟ್ಟಲಿಲ್ಲವಂತೆ. "ವಾಪಸ್ ಓಗಮ್ಮ, ಈ ಊರಿಗೆ ಬ್ಯಾಡ" ಎಂದರಂತೆ, ಅಷ್ಟೇ. ಬಳೆಯಮ್ಮ ಪೆಟ್ಟಿಗೆಯನ್ನು ತಲೆಯ ಮೇಲೆ ಮತ್ತೆ ಸರಿ ಮಾಡಿಕೊಂಡು ರಸ್ತೆ ದಾಟಿ ಆ ಕಡೆ ನಿಂತರು. ಎದುರಿನ ಬಸ್ಸು ಬರುವವರೆಗೆ ಅಕ್ಕನೂ ಆ ಕಡೆಯೇ ನಿಂತಿದ್ದಳು. ನಮ್ಮ ಮನೆಗೆ ಬಂದಾಗ ಅವಳ ಮುಖ ಬಿಸಿಲಿಗೆ ಕೆಂಪಾಗಿತ್ತು. ಅವಳ ಹಿಂದೆಯೇ ನನ್ನ ಮಗನೂ ಬಂದ.

ಅಕ್ಕ ನೀರು ಕುಡಿದು ಲೋಟ ಕೆಳಗಿಟ್ಟು ಕೇಳಿದಳು, "ಏನ್ಲಾ, ಬಳೆ ಪೆಟ್ಗೇಲಿ ಬಾಂಬ್ ಮಡಗಿದ್ಲಾ ಆವಮ್ಮ?"

"ಟಿವಿ ನೋಡ್ಲಿಲ್ವ ದೊಡ್ಡವ್ವ? ಅಲ್ಲಿ ನಮ್ಮೋರು ಸಾಯ್ತಾವ್ರೆ."

"ಬಳೆ ತೊಡ್ಸೋಳು ಸಾಯ್ಸುದ್ಲಾ?"

"ನಿಂಗೆ ಇದೆಲ್ಲ ಗೊತ್ತಾಗಕಿಲ್ಲ ಬುಡು."

"ಊ ಕಣ್ಲಾ, ಗೊತ್ತಾಗಕಿಲ್ಲ. ಬತ್ತೇರೀಲಿ ಇಕ್ಕ ಇಕ್ಕ ಅಂದ್ಕಂಡು ಕೋಸು ಇಳುಸ್ತೀಯ. ಇಲ್ಲಿ ಗೇಟ್ನಲ್ಲಿ ನಿಂತ್ಕಂಡು ಬಳೆ ಅಕ್ಕನ್ನ ತಡೀತೀಯ. ಅದ್ಯಾವ ಸೀಮೆ ನ್ಯಾಯನೋ ನಂಗೆ ಗೊತ್ತಾಗಕಿಲ್ಲ."

ಮಗ ಗೂಡ್ಸ್ ಆಟೊದಲ್ಲಿ ಕೇರಳದ ಬತ್ತೇರಿಗೆ ತರಕಾರಿ ಸಾಗಿಸುತ್ತಾನೆ. ಅಲ್ಲಿ ಅವನ ಸರಕು ಹಿಡಿಯುವವರು ಮುಸಲ್ಮಾನರು, ಅಣ್ಣ ಎನ್ನುವಂತೆ ಅವರನ್ನು ಇಕ್ಕ ಎನ್ನುತ್ತಾನೆ. ಅವನ ಮುಖ ಸಣ್ಣದಾಯಿತು. ನಾನು ಮಧ್ಯೆ ಬಾಯಿ ಹಾಕಿದೆ. "ಬುಡಕ್ಕ, ಮದುವೆ ಮನೆ. ಕಾಪಿ ಕುಡಿ" ಎಂದೆ. ಅಕ್ಕ ನನ್ನನ್ನು ನೋಡಿ ಕಾಫಿ ಕುಡಿದಳು.

ಮಧ್ಯಾಹ್ನ ಚಪ್ಪರದ ಕೆಳಗೆ ಹೆಣ್ಣನ್ನು ಮಣೆಯ ಮೇಲೆ ಕೂರಿಸಿದರು. ಹೆಣ್ಣಿನ ಅಣ್ಣ ಗುಂಡ್ಲುಪೇಟೆಗೆ ಬೈಕಿನಲ್ಲಿ ಹೋಗಿ ಫ್ಯಾನ್ಸಿ ಸ್ಟೋರಿನಿಂದ ಒಂದು ಡಬ್ಬಿ ಹಸಿರು ಬಳೆ ತಂದಿದ್ದ. ತೊಡಿಸಲು ಕೂತದ್ದು ಹೆಣ್ಣಿನ ಸೋದರತ್ತೆ. ಬಳೆ ತೊಡಿಸುವುದು ಎಂದರೆ ಬಳೆ ತಳ್ಳುವುದಲ್ಲ, ಕೈಯನ್ನು ಹಿಸುಕಿ ಹಿಸುಕಿ ಸಣ್ಣ ಮಾಡುವುದು. "ಕೈ ಸಡ್ಲ ಬಿಡು ಬೇಟಿ, ನಿದ್ದೆ ಮಾಡ್ತಿದೆ ಅಂದ್ಕೊ" ಎಂದು ಬಳೆಯಮ್ಮ ಮಾತಾಡಿಸುತ್ತಲೇ ಇಡುತ್ತಿದ್ದರು. ಸೋದರತ್ತೆಗೆ ಅದು ಬಾರದು. ಹುಡುಗಿ ಹಲ್ಲು ಕಚ್ಚಿ ಕೂತಿದ್ದಳು.

ಅಕ್ಕ ಹಳೆಯ ಬಳೆಯ ಪದವನ್ನೇ ಎತ್ತಿದಳು. ಅವ್ವ ಕಲಿಸಿದ್ದು.

ಹಸಿರು ಗಾಜಿನ ಬಳೆಯ ಹಸನಾಗಿ ಇಡಿಸಮ್ಮ
ಹಸೆಗೇರೊ ಮಗಳ ಮುಂಗೈಗೆ, ಬಳೆಯಮ್ಮ
ನೋಯದಂಗಿಡಿಸೆ ಎಳೆಗೈಯ

ನಾವೆಲ್ಲ ಹಿಂದೆ ಹೇಳಿದೆವು. ಬಳೆಯಮ್ಮ ಎಂದು ಕರೆಯುವಾಗ ಅಕ್ಕನ ದನಿ ಸ್ವಲ್ಪ ನಿಂತು ಮುಂದಕ್ಕೆ ಹೋಯಿತು. ಅಷ್ಟರಲ್ಲಿ ಮೂರನೆಯ ಬಳೆ ಸೋದರತ್ತೆಯ ಕೈಯಲ್ಲಿ ಟಕ್ ಎಂದಿತು.

ನಮ್ಮಲ್ಲಿ ಬಳೆ ಒಡೆಯಿತು ಎನ್ನಬಾರದು. ಹೆಚ್ಚಿತು ಎನ್ನಬೇಕು. ಗಂಡ ಸತ್ತವಳ ಬಳೆ ಒಡೆದರೂ ಹಿರಿಯರು ಅದೇ ಮಾತು ಹೇಳುತ್ತಾರೆ. ಚಪ್ಪರದಲ್ಲಿದ್ದ ಹೆಂಗಸರೆಲ್ಲ ಒಟ್ಟಿಗೆ, "ಹೆಚ್ತು ಹೆಚ್ತು, ಒಳ್ಳೇದಾಯ್ತದೆ" ಎಂದರು. ಅಕ್ಕ ಆ ಮಾತನ್ನು ಅಲ್ಲೇ ಹಿಡಿದುಕೊಂಡಳು.

ಗಡಿಯಾಚೆ ಬಳೆ ಹೆಚ್ಚಿ ಗಡಿಯೀಚೆ ಬಳೆ ಹೆಚ್ಚಿ

ಎಂದು ಎತ್ತಿದಳು. ನಾನು ಅಭ್ಯಾಸದಿಂದ ಆ ಸಾಲನ್ನು ಹಿಡಿದೆ. ಹೇಳುತ್ತಾ ಹೇಳುತ್ತಾ ಅರ್ಥ ಹೊಳೆಯಿತು. ಎರಡೂ ಕಡೆಯ ಹೆಣ್ಣುಮಕ್ಕಳು. ಎರಡೂ ಕಡೆ ಒಡೆದ ಬಳೆ. ಬೇರೆ ಹೆಂಗಸರಿಗೂ ಹೊಳೆದಿರಬೇಕು, ಹಿಂದಿನ ದನಿಗಳು ತೆಳ್ಳಗಾದವು. ಚಪ್ಪರದ ಕಂಬದ ಹತ್ತಿರ ನನ್ನ ಮಗ ಫೋನಿನಲ್ಲಿ ಶಾಸ್ತ್ರವನ್ನು ಹಿಡಿಯುತ್ತಾ ನಿಂತಿದ್ದ. ಅವನ ಪಕ್ಕ ಹೆಣ್ಣಿನ ಅಣ್ಣ, ಗೇಟಿನಲ್ಲಿದ್ದ ಮಿಕ್ಕವರು. ಅಕ್ಕ ಎರಡನೆಯ ಸಾಲು ಕೊಟ್ಟಳು.

ತೊಡಿಸೋಳ ದಾರೀಲಿ ತಡೆದೀರಿ

ಮಗ ಫೋನು ಕೆಳಗಿಳಿಸಿದ. ಅವನು ನೋಡಿದ್ದು ದೊಡ್ಡವ್ವನನ್ನಲ್ಲ, ನನ್ನನ್ನು. ಈಗ ಈ ಸಾಲನ್ನು ನಾನು ಹಿಡಿಯಬೇಕಿತ್ತು. ಹಿಡಿಯದೆ ಸುಮ್ಮನೆ ಕೂತಿದ್ದರೂ ನಡೆಯುತ್ತಿತ್ತು, ಕೆಮ್ಮು ಬಂತು ಎನ್ನಬಹುದಿತ್ತು. ನಾನು ಅದಕ್ಕಿಂತ ಕೆಟ್ಟದ್ದು ಮಾಡಿದೆ. ದನಿ ಏರಿಸಿ ಹಳೆಯ ಸಾಲು ಹೇಳಿದೆ. "ಹಸೆಗೇರೊ ಮಗಳ ಮುಂಗೈಗೆ, ಬಳೆಯಮ್ಮ."

ಎಲ್ಲರಿಗೂ ಬದುಕಿದೆವು ಎನ್ನಿಸಿತು. ಹೆಂಗಸರೆಲ್ಲ ನನ್ನ ದನಿಗೆ ದನಿ ಕೂಡಿಸಿದರು, ಎಂದೂ ಹೇಳದವರೂ ಹೇಳಿದರು. ಆ ಗದ್ದಲದ ಕೆಳಗೆ ಅಕ್ಕನ ತುಟಿ ಆಡುತ್ತಿತ್ತು. ಅವಳು ಮೂರನೆಯ ಸಾಲು ಹೇಳುತ್ತಿದ್ದಳು. ನಾನು ಕಂಡೆ. ಕೇಳಿಸಲಿಲ್ಲ. ಕೇಳಿಸದ ಹಾಗೆ ಮಾಡುತ್ತಿದ್ದವಳು ನಾನೇ.

ನಾನು "ನೋಯದಂಗಿಡಿಸೆ" ಎಂದು ಮುಂದಿನ ಸಾಲಿಗೆ ಹೋದಾಗ ಅಕ್ಕ ತನ್ನ ಸಾಲು ಬಿಟ್ಟು, ಆ ಸಾಲನ್ನು ಹಿಡಿದು ನನ್ನ ಹಿಂದೆ ಹೇಳಿದಳು. ನಮ್ಮಿಬ್ಬರ ಜೀವಮಾನದಲ್ಲಿ ಅದೇ ಮೊದಲು.

ಪದ ಮುಗಿದ ಮೇಲೆ ಹೆಣ್ಣಿನ ಅಜ್ಜಿ ಎಲೆಯಡಿಕೆ ತಟ್ಟೆ ಹಿಡಿದು ಬಂದಳು. "ಏನವ್ವಾ, ನಡು ಮಧ್ಯಕ್ಕೆ ಪದ ತಪ್ಪುಸ್ಬುಟ್ಟೆ? ತಂಗಿ ಸರಿ ಮಾಡ್ಕಂಡ್ಲು, ಇಲ್ದಿದ್ರೆ ಶುಭದೊಳಗೆ ಏನೇನೋ ಬರೋದು."

ಅಕ್ಕ ನನ್ನ ಕಡೆ ನೋಡಲಿಲ್ಲ. "ಊ ಕಣಜ್ಜಿ, ತಪ್ಪೋಯ್ತು" ಎಂದಳು.

ನಾನು ಸೆರಗು ಸರಿಮಾಡಿಕೊಳ್ಳುತ್ತಾ ಕೂತಿದ್ದೆ.

ಮದುವೆ ಮನೆಯಲ್ಲಿ ಅಂಥ ಪದ ಹೇಳಬಾರದು, ಅಪಶಕುನ, ಅದಕ್ಕೇ ನಾನು ತಿದ್ದಿದೆ ಎಂದು ಬಹಳ ದಿನ ನನಗೆ ನಾನೇ ಹೇಳಿಕೊಂಡೆ. ಆದರೆ ಕಾಯಿಲೆಯ ವರ್ಷ ಸತ್ತ ಮುದುಕಿಯ ಹೆಸರನ್ನು ಮದುವೆ ಚಪ್ಪರದಲ್ಲೇ ಗಟ್ಟಿಯಾಗಿ ಹೇಳಿದವಳು ನಾನು. ಆವತ್ತು ಅಪಶಕುನ ನೆನಪಾಗಿರಲಿಲ್ಲ. ಆವತ್ತು ಮುದುಕಿಯನ್ನು ಕೊಂದದ್ದು ಕಾಯಿಲೆ. ಈ ಸಲ ದಾರಿ ತಡೆದವನು ನಾನು ಉಪ್ಪಿಟ್ಟು ಬಡಿಸಿದ ಮಗ. ವ್ಯತ್ಯಾಸ ಅಷ್ಟೇ.

ಟಿವಿಯಲ್ಲಿ ಯುದ್ಧ ಬೇಗ ನಿಂತಿತು. ಹುಡುಗರು ಗೇಟಿನಲ್ಲಿ ನಿಲ್ಲುವುದನ್ನೂ ಮರೆತರು. ನನ್ನ ಮಗ ಮುಂದಿನ ವಾರವೇ ಬತ್ತೇರಿಗೆ ಕೋಸು ಒಯ್ದ. ಆದರೆ ಚಪ್ಪರದಲ್ಲಿ ಆದದ್ದು ಬೇರೆ ರೀತಿ ಬೆಳೆಯಿತು. ಹರದನಹಳ್ಳಿಯವಳಿಗೆ ಮರೆವು ಬಂದಿದೆ, ಪದ ಕಲಸಿಬಿಡುತ್ತಾಳೆ ಎಂದು ಹೆಂಗಸರು ಮಾತಾಡಿಕೊಂಡರು. ಆಷಾಢ ಕಳೆದು ಮತ್ತೆ ಮದುವೆಗಳು ಶುರುವಾದಾಗ ಅವಳಿಗೆ ಯಾರೂ ಹೇಳಿಕಳಿಸಲಿಲ್ಲ. ನನ್ನ ಮನೆಗೆ ಬಂದರು. "ನೀನೇ ಮುಂದೆ ಹೇಳ್ಬುಡು, ಅಕ್ಕುನ್ಗೆ ಯಾಕೆ ಅಷ್ಟು ದೂರದಿಂದ ಬರೋ ತೊಂದ್ರೆ ಕೊಡೋದು" ಎಂದರು. ನಾನು ಇಲ್ಲ ಎನ್ನಲಿಲ್ಲ. ಮುಂದೆ ಹೇಳುವವಳಿಗೆ ಮೊದಲ ಎಲೆಯಡಿಕೆ ಕೊಡುತ್ತಾರೆ. ಎಷ್ಟು ವರ್ಷ ಅಕ್ಕ ಅದನ್ನು ತೆಗೆದುಕೊಳ್ಳುವುದನ್ನು ಪಕ್ಕದಲ್ಲಿ ಕೂತು ನೋಡಿದ್ದೆ. ಅದು ನನ್ನ ಕೈಗೆ ಬಂದಾಗ ಸಂತೋಷವೂ ಆಯಿತು. ಇದನ್ನು ಬರೆಯಲು ಎಲ್ಲಕ್ಕಿಂತ ಹೆಚ್ಚು ನಾಚಿಕೆಯಾಗುತ್ತಿದೆ.

ನನಗೆ ಪದ ಕಟ್ಟಲು ಬರುವುದಿಲ್ಲ. ಹಳೆಯದನ್ನು ಹಳೆಯ ಹಾಗೇ ಹೇಳುತ್ತೇನೆ. "ತಂಗಿ ಒಂದಕ್ಷರ ತಪ್ಪಾಕಿಲ್ಲ" ಎಂದು ಹೊಗಳುತ್ತಾರೆ.

ಚಳಿಗಾಲದಲ್ಲಿ ಒಂದು ದಿನ ಗುಂಡ್ಲುಪೇಟೆಯಲ್ಲಿ ಕೆಲಸವಿತ್ತು. ಬಳೆಯಮ್ಮನ ಅಂಗಡಿ ಇರುವ ಬೀದಿಯನ್ನು ಬಿಟ್ಟು ಆಚೆ ಬೀದಿಯಿಂದ ಹೋಗುವುದು ನನಗೆ ರೂಢಿಯಾಗಿತ್ತು. ಆವತ್ತು ಮರೆತು ಅದೇ ಬೀದಿಗೆ ಬಂದುಬಿಟ್ಟೆ. ಅವರು ಕಂಡರು, ಕೂಗಿದರು. ಹೋಗಿ ಕೂತೆ. ನನ್ನ ಕೈ ಹಿಡಿದು ನೋಡಿ, "ಅಡುಗೆ ಮಾಡಿ ಮಾಡಿ ಕೈ ಗಟ್ಟಿ ಆಗ್ಬಿಟ್ಟಿದೆ, ಎರಡೂಕಾಲು ಸೈಜ್ ಆಗಲ್ಲ" ಎಂದರು. ಆಮೇಲೆ ಅವರಾಗಿಯೇ ಹೇಳಿದರು.

"ನಿಮ್ಮ ಅಕ್ಕ ಆ ಮದುವೆ ಆದ್ಮೇಲೆ ಮನೆಗೆ ಬಂದಿದ್ರು. ಅಕ್ಕಿ, ಬೆಲ್ಲ, ಕಾಯಿ, ಎಲ್ಲ ತಂದಿದ್ರು. ಶಾಸ್ತ್ರದ್ದು ಇದು ನಿಮ್ದು, ಬಿಡಬಾರ್ದು ಅಂದ್ರು. ನಾನು ಏನೂ ತೊಡ್ಸಿಲ್ಲಮ್ಮ, ಹೆಂಗೆ ತಗೊಳ್ಳಿ ಅಂದೆ. ಕೇಳ್ಲಿಲ್ಲ."

"ಇನ್ನೇನಂದಳು?"

"ಒಂದು ಪದ ಹೇಳ್ತೀನಿ ಅಂತ ಕೂತ್ರು. ಆಮೇಲೆ, ಹಿಂದೆ ಹೇಳೋರು ಬೇಕು, ನಿಮಗೆ ಬರುತ್ತಾ ಅಂದ್ರು. ನಮಗೆಲ್ಲಿ ಬರುತ್ತೆ? ಟೀ ಕುಡಿದು ಎದ್ರು."

ಬಳೆ ತೊಡಿಸುತ್ತೇನೆ ಎಂದರು. ಬೇಡ ಎಂದು ಎದ್ದುಬಂದೆ. ಮರುದಿನವೇ ರಜೆ ಹೇಳಿ, ಗುಂಡ್ಲುಪೇಟೆಗೆ ಬಂದು, ಚಾಮರಾಜನಗರದ ಬಸ್ಸು ಹತ್ತಿ, ಅಲ್ಲಿಂದ ಹರದನಹಳ್ಳಿಗೆ ಹೋದೆ. ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡಿದ್ದೆ. ಅಕ್ಕ ಅಂಗಳದಲ್ಲಿ ಅರಿಶಿನದ ಕೊಂಬು ಹರಡಿಕೊಂಡು ಬೇರು ಮುರಿಯುತ್ತಾ ಕೂತಿದ್ದಳು. ಜೋಡಿಸಿದ ಮಾತೆಲ್ಲ ಹೋಯಿತು. ಅವಳ ಎದುರು ಕೂತು ನಾನೂ ಬೇರು ಮುರಿಯತೊಡಗಿದೆ.

"ಅಕ್ಕ, ಆವತ್ತು ನೀನು ಪದ ತಪ್ಪಿರ್ಲಿಲ್ಲ."

"ನಂಗೆ ಗೊತ್ತಿಲ್ವ?"

"ದಿಗಿಲಾಗಿ ಎದುರ್ಕಂಡ್ಬುಟ್ಟೆ. ನನ್ನ ಮಗ ನೋಡ್ತಿದ್ದ."

"ಅದೂ ಗೊತ್ತು ಕಣಮ್ಮಿ. ಅದ್ಕೇ ಅಜ್ಜಿ ಕೇಳ್ದಾಗ ತಪ್ಪೋಯ್ತು ಅಂದೆ. ನೀನು ಊರಲ್ಲಿ ಬಾಳಬೇಕಾದೋಳು." ಒಂದು ಕೊಂಬನ್ನು ತಿರುಗಿಸಿ ನೋಡಿ ರಾಶಿಗೆ ಹಾಕಿದಳು. "ಆವತ್ತು ಎದುರ್ಕಂಡೆ, ಸರಿ. ಆಮೇಕೆ ಮನೆ ಮನೆಗೋಗಿ ಮೊದ್ಲು ಎಲೆಯಡ್ಕೆ ಇಸ್ಕಂಡೆಯಲ್ಲ, ಆಗ್ಲೂ ಎದುರ್ಕಂಡಿದ್ಯಾ?"

ನಾನು ಇನ್ನೊಂದು ಕೊಂಬು ಎತ್ತಿಕೊಂಡು ಬೇರು ಮುರಿದೆ.

ಆಮೇಲೆ ಕೇಳಿದೆ, "ಮೂರನೇ ಸಾಲು ಏನು ಹೇಳ್ದೆ? ನಂಗೆ ಕೇಳುಸ್ಲಿಲ್ಲ."

ಅಕ್ಕ ಕೈ ನಿಲ್ಲಿಸಿದಳು. ನಿಜವಾಗಿಯೂ ಹುಡುಕಿದಳು. ಅವಳ ತುಟಿ ಆವತ್ತಿನಂತೆಯೇ ಆಡಿತು. ಆಮೇಲೆ ತಲೆ ಅಲ್ಲಾಡಿಸಿದಳು. "ಬತ್ತಾ ಇಲ್ಲ. ಆಗ ಬಾಯಿಗೆ ಬಂದದ್ದು. ನೀನು ಇಡ್ಕಂಡಿದ್ರೆ ಇರೋದು."

ಸಂಜೆ ಬಸ್ಸಿಗೆ ಬಿಡಲು ಬಂದಳು. ನನ್ನ ಚೀಲಕ್ಕೆ ಅರಿಶಿನ ಹಾಕಿದ್ದಳು. ಮತ್ತೆ ನಮ್ಮೂರಿಗೆ ಬಾ, ಮುಂದೆ ಹೇಳು ಎಂದೆ. "ಕರೆದೋರು ಯಾರು?" ಎಂದಳು.

ಕರೆಸುತ್ತೇನೆ ಎಂದುಕೊಂಡು ಬಂದೆ. ಮುಂದಿನ ಮದುವೆಗೆ ನನ್ನನ್ನು ಕರೆಯಲು ಬಂದವಳು ಅದೇ ದೊಡ್ಡ ಮನೆಯ ಅಜ್ಜಿ, ಮೊಮ್ಮಗನ ಮದುವೆ. ಅವಳ ಜೊತೆ ಬೀದಿಯ ಮೂವರು ಹೆಂಗಸರಿದ್ದರು. ನನ್ನ ಮಗ ಜಗುಲಿಯ ಮೇಲೆ ಊಟ ಮಾಡುತ್ತಿದ್ದ. ಅವನಿಗೂ ಕೇಳಲಿ ಎಂದು ಗಟ್ಟಿಯಾಗಿಯೇ ಹೇಳಿದೆ.

"ಅಜ್ಜಿ, ಎಲೆಯಡ್ಕೆ ನಂಗೆ ಕೊಡ್ಬ್ಯಾಡ. ಆವತ್ತು ನಮ್ಮಕ್ಕ ಪದ ತಪ್ಪಿರ್ಲಿಲ್ಲ. ಬೇಕೂಂತ ಕಟ್ಟಿದ್ಲು. ಎದುರ್ಕಂಡು ಅವಳ ಪದ ಕೆಡಿಸ್ದೋಳು ನಾನು. ಅವಳಿಗೆ ಮರೆವೂ ಇಲ್ಲ, ಏನೂ ಇಲ್ಲ. ಅವಳ್ನೇ ಕರೀರಿ."

ಅಜ್ಜಿ ನನ್ನ ಮುಖ ನೋಡಿದಳು. ಕಣ್ಣಲ್ಲಿ ನೀರು ತಂದುಕೊಂಡಳು. ಜೊತೆಯವರ ಕಡೆ ತಿರುಗಿ ಹೇಳಿದಳು, "ನೋಡ್ರವ್ವಾ, ಒಡುಟ್ಟಿದೋರು ಅಂದ್ರೆ ಇಂಗಿರಬೇಕು. ಅಕ್ಕುನ ಮಾನ ಉಳಿಸಕ್ಕೆ ತಪ್ಪ ತನ್ನ ಮ್ಯಾಲೆ ಹಾಕ್ಕತಾವಳೆ." ಮೂವರೂ ಹೌದು ಹೌದು ಎಂದರು. ಅಜ್ಜಿ ಎಲೆಯಡಿಕೆಯನ್ನು ನನ್ನ ಮಡಿಲಿಗೇ ಹಾಕಿ ಹೋದಳು.

ಮಗ ತಟ್ಟೆ ನೋಡುತ್ತಾ ಅನ್ನ ಕಲಸುತ್ತಲೇ ಇದ್ದ. ನಾನು ಹೇಳಿದ್ದು ಸುಳ್ಳಲ್ಲವೆಂದು ಅವನಿಗೆ ಚೆನ್ನಾಗಿ ಗೊತ್ತಿತ್ತು. ಅವನೂ ಬಾಯಿ ಬಿಡಲಿಲ್ಲ. ಅವನನ್ನು ನಾನು ಹೇಗೆ ಬಯ್ಯಲಿ?

ಬಾಯಲ್ಲಿ ಹೇಳಿದ್ದನ್ನು ನಂಬದವರು ಬರೆದರೆ ನಂಬಬಹುದು ಎಂದು, ಮಗನ ಹಳೆಯ ನೋಟ್‌ಬುಕ್ಕಿನಲ್ಲಿ ಉಳಿದ ಹಾಳೆಗಳಲ್ಲಿ ಇದನ್ನು ಬರೆದಿದ್ದೇನೆ. ಅಕ್ಕನ ಪದವನ್ನೂ ಬರೆದಿದ್ದೇನೆ. ಗಡಿಯಾಚೆ ಬಳೆ ಹೆಚ್ಚಿ ಗಡಿಯೀಚೆ ಬಳೆ ಹೆಚ್ಚಿ, ತೊಡಿಸೋಳ ದಾರೀಲಿ ತಡೆದೀರಿ. ಅದರ ಕೆಳಗೆ ಒಂದು ಗೆರೆಯಷ್ಟು ಜಾಗ ಬಿಟ್ಟಿದ್ದೇನೆ. ಆ ಜಾಗಕ್ಕೆ ಹೊಂದುವ ಸಾಲು ಒಂದೆರಡು ಸಲ ನನ್ನ ಬಾಯಿಗೆ ಬಂತು, ಪ್ರಾಸವೂ ಕೂಡುತ್ತಿತ್ತು. ಬರೆಯಲಿಲ್ಲ. ಅವಳ ಸಾಲಿನ ಮೇಲೆ ಬೇರೆ ಸಾಲು ಹೇಳಿದ್ದು ಒಂದು ಸಲವೇ ಸಾಕು.